ಅಂಕೋಲಾದಲ್ಲಿ ನಮ್ಮ ಕಡೆ ಹೊರಳುವ ದಾರಿ

ಕರಾವಳಿ ಹೆದ್ದಾರಿ 66ರ ಲೇಖನ ಚೆನ್ನಾಗಿದೆ ಸರ್. ಪನ್ವೇಲ್‌ನಿಂದ ಕನ್ಯಾಕುಮಾರಿವರೆಗೆ ಊರೂರು ಹೇಳಿದ್ದೀರಿ, ಮೊದಲು ಅದರ ಬಹುಪಾಲು 17 ಆಗಿತ್ತು ಅಂತಲೂ ಬರೆದಿದ್ದೀರಿ. ಆದರೆ ಅಂಕೋಲಾ ಬಂದಾಗ ಸುಮ್ನೆ ಮುಂದೆ ಹೋಗಿಬಿಟ್ಟಿರಿ. ನಾವು ಕೊಪ್ಪಳದವರು ಸಮುದ್ರ ನೋಡುವುದೇ ಆ ತಿರುವಿನಿಂದ! ಹಳೇ ಹೆದ್ದಾರಿ 63 ಅಲ್ಲೇ ಶುರುವಾಗಿ ಯಲ್ಲಾಪುರ, ಹುಬ್ಬಳ್ಳಿ, ಗದಗ, ಕೊಪ್ಪಳ, ಹೊಸಪೇಟೆ, ಬಳ್ಳಾರಿ ದಾಟಿ ಆಂಧ್ರದ ಗುತ್ತಿವರೆಗೆ ಹೋಗುತ್ತಿತ್ತು. 2010ರಲ್ಲಿ ನಂಬರ್ ಬದಲಾಗಿ ಅಂಕೋಲಾ–ಹುಬ್ಬಳ್ಳಿ ತುಂಡು 52ಕ್ಕೆ ಸೇರಿತು, ನಮ್ಮದು 67 ಆಯಿತು. ನಮ್ಮ ಮನೆಯಲ್ಲಿ ಮಾತ್ರ ಇನ್ನೂ 63ನೇ.

ನಮ್ಮ ಕಾಕಾ ಕಬ್ಬಿಣದ ಅದಿರಿನ ಲಾರಿ ಓಡಿಸುತ್ತಿದ್ದರು, ಸಂಡೂರಿನಿಂದ ಬೇಲೆಕೇರಿ ಬಂದರಿಗೆ. ಇದೇ ದಾರಿಯ ಅರಬೈಲ್ ಘಟ್ಟ ಇಳಿಯುವಾಗ ಬ್ರೇಕ್ ಕಾದ ವಾಸನೆ ಕ್ಯಾಬಿನ್ ತುಂಬಾ ಬರುತ್ತಿತ್ತಂತೆ. ಅವರ ಬನಿಯನ್ ಎಷ್ಟು ಒಗೆದರೂ ಕೆಂಪು ನೀರೇ. ಕಾಕಿ ಅದನ್ನು ಬೇರೆ ಬಕೆಟ್‌ನಲ್ಲಿ ನೆನೆಹಾಕುತ್ತಿದ್ದರು, ಇಲ್ಲದಿದ್ದರೆ ಎಲ್ಲರ ಬಟ್ಟೆಗೂ ಬಣ್ಣ! 2010ರ ಜುಲೈನಲ್ಲಿ ರಾಜ್ಯ ಸರ್ಕಾರ ಅದಿರು ರಫ್ತು ನಿಲ್ಲಿಸಿತು. ಲಾರಿ ಮನೆ ಮುಂದೆ ಬಂದು ನಿಂತಿತು. ಆ ಬೇಲೆಕೇರಿ ನಿಮ್ಮ ಹೆದ್ದಾರಿಯ ಮಗ್ಗುಲಲ್ಲೇ ಇದೆ ಅಲ್ವಾ, ಲೇಖನದಲ್ಲಿ ಅದರ ಹೆಸರೂ ಇಲ್ಲ.