ಕುಂಡದಲ್ಲಿ ಕೂತ ಕತ್ತಾಳೆ

ಆರು ವರ್ಷಗಳ ಹಿಂದೆ ನರ್ಸರಿಯೊಂದರಲ್ಲಿ 350 ರೂಪಾಯಿ ತೆತ್ತು ಒಂದು ಗಿಡ ತಂದೆ. ಬೂದಿ ಬಳಿದಂಥ ಹಸಿರು ಎಲೆ, ಎರಡೂ ಅಂಚಿಗೆ ಹಳದಿ ಸೆರಗು, ಕೂರಲು ಬಿಳಿಯ ಪಿಂಗಾಣಿ ಕುಂಡ. ಮಾರುವ ಹುಡುಗ ಅದನ್ನು ‘ಅಗೇವ್’ ಎಂದು ಕರೆದ. ಕಿವಿಗೆ ಅದು ಯಾವುದೋ ದುಬಾರಿ ಸೆಂಟಿನ ಹೆಸರಿನಂತೆ ಕೇಳಿಸಿತು. ತಂದು ಬಾಲ್ಕನಿಯ ಮೂಲೆಯಲ್ಲಿ ಪ್ರತಿಷ್ಠಾಪಿಸಿದೆ. ಮುಂದಿನ ವಾರ ಊರಿನಿಂದ ಬಂದ ಅಮ್ಮ ಕನ್ನಡಕ ಸರಿಮಾಡಿಕೊಂಡು ಅದರ ಸುತ್ತ ಒಂದು ಪ್ರದಕ್ಷಿಣೆ ಹಾಕಿದಳು.

“ಇದು ಕತ್ತಾಳೆ ಅಲ್ಲವೇನೋ?”

“ಅಗೇವ್ ಅಮ್ಮ.”

“ಬೇಲಿಯನ್ನು ದುಡ್ಡು ಕೊಟ್ಟು ತಂದೆಯಾ?”

ಆ ಸಲ ನಾನು ಊರಿಗೆ ಹೋಗುವಷ್ಟರಲ್ಲಿ ಸುದ್ದಿ ನನಗಿಂತ ಮುಂಚೆ ತಲುಪಿತ್ತು. ಅರಳಿಕಟ್ಟೆಯಲ್ಲಿ ಕೂತಿದ್ದ ಹಿರಿಯರೊಬ್ಬರು, “ನಮ್ಮ ಹೊಲದ ಸುತ್ತ ನಾಲ್ಕೈದು ಲಕ್ಷ ರೂಪಾಯಿಯ ಮಾಲಿದೆ, ಬೇಕಾದರೆ ಹೇಳು” ಎಂದರು.

ನಮ್ಮದು ತುಮಕೂರು ಕಡೆಯ ಬಯಲುಸೀಮೆ. ಅಲ್ಲಿ ಕತ್ತಾಳೆಯನ್ನು ಯಾರೂ ಬೆಳೆಸಿದ್ದನ್ನು ನಾನು ಕಂಡಿಲ್ಲ. ಅದು ಇತ್ತು, ಅಷ್ಟೇ. ಹೊಲದ ಬದುವಿನ ಮೇಲೆ, ರೈಲು ಹಳಿಯ ಪಕ್ಕದಲ್ಲಿ, ಸ್ಮಶಾನಕ್ಕೆ ಹೋಗುವ ದಾರಿಯಲ್ಲಿ ಸಾಲಾಗಿ ಕತ್ತಿ ಹಿರಿದು ಕೂತಿರುತ್ತಿತ್ತು. ದನ ಮೂಸುವುದಿಲ್ಲ. ಯಾವ ಸೊಪ್ಪನ್ನೂ ಬಿಡದ ಆಡು ಕೂಡ ಅದರ ಮುಂದೆ ಒಂದು ಕ್ಷಣ ನಿಂತು, ಯೋಚಿಸಿ, ಮುಂದೆ ಹೋಗುತ್ತದೆ. ನಮಗೆ ಮಾತ್ರ ಅದು ಸ್ಲೇಟು. ಜಾಲಿಮುಳ್ಳಿನಲ್ಲಿ ಎಲೆಯ ಮೇಲೆ ಹೆಸರು ಗೀಚಿದರೆ ಮೊದಲು ನೀರುನೀರಾಗಿ ಕಾಣಿಸಿ ಆಮೇಲೆ ಕಂದು ಬಣ್ಣಕ್ಕೆ ತಿರುಗುತ್ತಿತ್ತು. ಎಲೆ ಇರುವಷ್ಟು ವರ್ಷ ಅಕ್ಷರವೂ ಇರುತ್ತಿತ್ತು. ಏಳನೆಯ ತರಗತಿಯಲ್ಲಿ ನಾನು ಬರೆದಿದ್ದ ಎರಡು ಹೆಸರುಗಳಲ್ಲಿ ಒಂದನ್ನು, ಪಿಯುಸಿಗೆ ಬಂದ ಮೇಲೆ, ಕತ್ತಲಾದ ಮೇಲೆ ಹೋಗಿ ಕುಡುಗೋಲಿನಿಂದ ಎಲೆಸಮೇತ ಕೊಯ್ದು ತರಬೇಕಾಯಿತು. ಮನುಷ್ಯರು ಬರೆಯುವುದು ಇರಲಿ, ಎಲೆಗಳು ತಾವೇ ಬರೆದುಕೊಳ್ಳುತ್ತವೆ: ಮೊಗ್ಗಿನಲ್ಲಿ ಒಂದನ್ನೊಂದು ಬಿಗಿಯಾಗಿ ಅಪ್ಪಿಕೊಂಡಿರುವುದರಿಂದ ಪಕ್ಕದ ಎಲೆಯ ಮುಳ್ಳಿನ ಸಾಲು ಅಚ್ಚೊತ್ತಿದಂತೆ ಮೂಡಿರುತ್ತದೆ. ಇದನ್ನು ಬೇಲಿಯಲ್ಲಿ ನಾನು ಒಮ್ಮೆಯೂ ಗಮನಿಸಿರಲಿಲ್ಲ. 350 ರೂಪಾಯಿ ಕೊಟ್ಟ ಮೇಲೆ ಕಣ್ಣಿಗೆ ಬಿತ್ತು.

ಕೊಟ್ಟ ದುಡ್ಡಿನ ಮೋಹಕ್ಕೆ ದಿನಾ ನೀರು ಹಾಕಿದೆ. ಎರಡು ತಿಂಗಳಲ್ಲಿ ಕೆಳಗಿನ ಎಲೆಗಳು ಬೇಯಿಸಿದ ಬದನೆಕಾಯಿಯಂತಾದವು. ಬೇರು ಕೊಳೆಯಲು ಹತ್ತಿತ್ತು. ಬೇರೆ ಗಿಡಗಳು ಹಗಲಿನಲ್ಲಿ ಎಲೆಯ ಬಾಯಿ ತೆರೆದು ಉಸಿರಾಡಿ, ಬಿಸಿಲಿಗೆ ನೀರು ಕಳೆದುಕೊಳ್ಳುತ್ತವೆ. ಇದು ಹಾಗಲ್ಲ. ರಾತ್ರಿಯ ತಂಪಿನಲ್ಲಿ ಬಾಗಿಲು ತೆರೆದು ಇಂಗಾಲದ ಡೈಆಕ್ಸೈಡನ್ನು ಒಳಗೆಳೆದು ಆಮ್ಲವಾಗಿ ಕೂಡಿಟ್ಟು, ಹಗಲು ಬಾಗಿಲು ಜಡಿದುಕೊಂಡು ಅಡುಗೆ ಮಾಡುತ್ತದೆ. ಇಷ್ಟು ಲೆಕ್ಕಾಚಾರದ ಸಂಸಾರಕ್ಕೆ ನನ್ನ ದಿನಕ್ಕೊಂದು ಚೊಂಬು ನೀರು ಉಪದ್ರವವೇ ಆಗಿತ್ತು. ಮರಳು ಬೆರೆಸಿದ ಮಣ್ಣಿಗೆ ಬದಲಾಯಿಸಿ, ಹದಿನೈದು ದಿನಕ್ಕೊಮ್ಮೆ ಮಾತ್ರ ನೀರು ಕೊಡತೊಡಗಿದ ಮೇಲೆ ಚೇತರಿಸಿಕೊಂಡಿತು.

ಅಮ್ಮ ಕತ್ತಾಳೆ ಎಂದರೂ ನನ್ನ ಹೆಂಡತಿ ಕೆಲವು ದಿನ ಅದನ್ನು ಲೋಳೆಸರವೆಂದೇ ತಿಳಿದಿದ್ದಳು. ಅವಳ ತಪ್ಪಲ್ಲ. ತಮಿಳರ ‘ಕತ್ತಾಳೈ’ ಎಂದರೆ ಲೋಳೆಸರವೇ; ಇದು ಅವರಿಗೆ ಆನೆಕತ್ತಾಳೆ. ಇಂಗ್ಲಿಷರೂ ಇದನ್ನು ಬಹುಕಾಲ ಅಮೆರಿಕದ ಅಲೋ ಎಂದೇ ಕರೆದರು. ಎರಡಕ್ಕೂ ಅಂಥ ಹತ್ತಿರದ ನಂಟೇನೂ ಇಲ್ಲ. ಲೋಳೆಸರದ ಬಳಗ ಆಫ್ರಿಕಾ, ಅರೇಬಿಯಾ ಕಡೆಯದು. ಕತ್ತಾಳೆ ಮೆಕ್ಸಿಕೋ ಸೀಮೆಯಿಂದ ಹಡಗು ಹತ್ತಿ ಬಂದದ್ದು. ಸ್ವೀಡನ್ನಿನ ಸಸ್ಯಶಾಸ್ತ್ರಜ್ಞ ಲಿನೇಯಸ್ 1753ರಲ್ಲಿ ಅದಕ್ಕೆ ಇಟ್ಟ ‘ಅಗಾವೆ’ ಎಂಬ ಹೆಸರಿಗೆ ಗ್ರೀಕಿನಲ್ಲಿ ಘನತೆವೆತ್ತದ್ದು ಎಂಬ ಅರ್ಥ. ಅಮ್ಮನಿಗೆ ಹೇಳಿದೆ. “ಇರಬಹುದು, ಚುಚ್ಚುವುದನ್ನು ಬಿಟ್ಟಿದೆಯೇ?” ಎಂದಳು.

ನಿಜವಾದ ನಂಟನ್ನು ಹೇಳಿದಾಗ ಮಾತ್ರ ಅವಳು ಬೆಚ್ಚಿದಳು. ಮದುವೆಯ ಹಾರದ ಸುಗಂಧರಾಜವಿದೆಯಲ್ಲ, ಅದೂ ಮೆಕ್ಸಿಕೋದ್ದೇ. ಸಸ್ಯಶಾಸ್ತ್ರಜ್ಞರು ಇತ್ತೀಚೆಗೆ ಅದನ್ನು ಹಳೆಯ ಮನೆಯಿಂದ ಎಬ್ಬಿಸಿ ಅಗಾವೆ ಕುಲಕ್ಕೇ ಸೇರಿಸಿಬಿಟ್ಟಿದ್ದಾರೆ. ವಧುವರರ ಕೊರಳಲ್ಲಿ ಇರುವುದು ಬೇಲಿಯ ಕತ್ತಾಳೆಯ ತಂಗಿ! ನೆಟ್ಟನೆಯ ಒಂದೇ ಕಡ್ಡಿ, ತುದಿಗೆ ಹೂವು. ನೋಡಿದರೆ ಹೋಲಿಕೆ ಹೊಳೆಯುತ್ತದೆ. ಆದರೂ ತಂಗಿಯನ್ನು ಕಂಡು ಅಕ್ಕನನ್ನು ಯಾರೂ ವಿಚಾರಿಸುವುದಿಲ್ಲ.

ಅಕ್ಕ ದುಡಿಯುವ ಹೆಣ್ಣು. ನನ್ನ ಬಾಲ್ಯದ ಊರಿನಲ್ಲಿ ಮೂಗುದಾರ, ಕಣ್ಣಿ, ಮಿಣಿ, ಬೆಣ್ಣೆಯ ಗಡಿಗೆ ತೂಗುಹಾಕುವ ನೆಲುವು ಎಲ್ಲವೂ ಕತ್ತಾಳೆಯ ನಾರಿನವೇ. ಎಲೆ ಕೊಯ್ದು, ಮುಳ್ಳು ಸವರಿ, ಕಟ್ಟು ಕಟ್ಟಿ ಕೆರೆಯ ಅಂಚಿನ ನೀರಿನಲ್ಲಿ ಮುಳುಗಿಸಿ ಮೇಲೆ ಕಲ್ಲು ಹೇರುತ್ತಿದ್ದರು. ಕೆಲವೇ ದಿನಗಳಲ್ಲಿ ಶುರುವಾಗುತ್ತಿದ್ದ ಆ ವಾಸನೆಯನ್ನು ಹೇಗೆ ವರ್ಣಿಸಲಿ? ಊರಿಗೆ ಬಂದ ನೆಂಟರು ಮಾತು ಅರ್ಧಕ್ಕೇ ನಿಲ್ಲಿಸಿ ಮೂಗು ಹಿಡಿಯುತ್ತಿದ್ದರು; ನಮಗೆ ಮಾತ್ರ ಅದು ಗಾಳಿ ಯಾವ ಕಡೆಯಿಂದ ಬೀಸುತ್ತಿದೆ ಎಂಬುದರ ಸೂಚನೆ. ಕೊಳೆತ ಎಲೆಯನ್ನು ಕಲ್ಲಿನ ಮೇಲೆ ಬಡಿದು, ಜಾಲಿಸಿ, ಒಣಹಾಕಿದರೆ ಕೂದಲಿನಂಥ ನಾರು ಬಿಸಿಲಿಗೆ ಬೆಳ್ಳಗೆ ಹೊಳೆಯುತ್ತಿತ್ತು. ಬಡಿದವರ ಮೊಣಕೈವರೆಗೆ ತುರಿಕೆ. ಎಲೆಯ ರಸದಲ್ಲಿ ಸೂಜಿಯಂಥ ಹರಳುಗಳಿರುತ್ತವೆ. ಅವೇ ಚರ್ಮಕ್ಕೆ ನಾಟುವುದು. ಅಷ್ಟೆಲ್ಲ ಬಡಿದರೂ ನೂರು ಕಿಲೋ ಎಲೆಗೆ ಸಿಗುವ ನಾರು ನಾಲ್ಕು ಕಿಲೋ ಆಸುಪಾಸು. ಮೆಕ್ಸಿಕೋದವರಿಗೆ ಇದಕ್ಕಿಂತ ಚುರುಕಾದ ಒಂದು ಉಪಾಯ ಗೊತ್ತಿತ್ತು: ಎಲೆಯ ತುದಿಯ ಮುಳ್ಳನ್ನು ಮುರಿದು ಹಾಗೆಯೇ ಎಳೆದರೆ ನಾರೂ ಕಿತ್ತುಕೊಂಡು ಬರುತ್ತದೆ. ಸೂಜಿ, ಪೋಣಿಸಿಯೇ ಇಟ್ಟ ದಾರ!

ಇದರ ಒಡಹುಟ್ಟು ಸೈಸಲ್ ಕತ್ತಾಳೆ ಆಫ್ರಿಕಾಕ್ಕೆ ಹೋದ ಕಥೆ ನನಗೆ ಬಲು ಇಷ್ಟ. 1893ರಲ್ಲಿ ಜರ್ಮನಿಯ ರಿಚರ್ಡ್ ಹಿಂಡೋರ್ಫ್ ಎಂಬ ಕೃಷಿತಜ್ಞ ಫ್ಲಾರಿಡಾದಿಂದ ಸಾವಿರ ಮರಿಗಳನ್ನು ಈಗಿನ ಟಾಂಜಾನಿಯಾಕ್ಕೆ ತರಿಸಿದ. ಹ್ಯಾಂಬರ್ಗ್ ಸುತ್ತಿಕೊಂಡು ಬಂದು ಮುಟ್ಟುವಾಗ ಜೀವ ಉಳಿಸಿಕೊಂಡಿದ್ದವು ಬರೀ 62. ಆ 62ರಿಂದಲೇ ಲೋಕಕ್ಕೆಲ್ಲ ಹಗ್ಗ ಹೊಸೆಯುವಷ್ಟು ತೋಟಗಳೆದ್ದವು. ನೈಲಾನ್ ಬಂದು ಅಲ್ಲಿಯ ಎಷ್ಟೋ ತೋಟಗಳನ್ನೂ ನಮ್ಮೂರಿನ ಕೆರೆಯಂಚಿನ ವಾಸನೆಯನ್ನೂ ಒಟ್ಟಿಗೇ ಅಳಿಸಿತು. ಈಗ ಸೈಸಲ್ ನಾರಿಗೆ ಉಳಿದಿರುವ ಕೆಲಸಗಳಲ್ಲಿ ಒಂದೆಂದರೆ ಡಾರ್ಟ್ ಆಟದ ಹಲಗೆಯಾಗುವುದು. ಬಾಣ ಚುಚ್ಚಿ ಕಿತ್ತ ಮೇಲೆ ನಾರು ಮತ್ತೆ ಕೂಡಿಕೊಳ್ಳುತ್ತದಂತೆ. ಜನ್ಮವಿಡೀ ಚುಚ್ಚಿದ್ದಕ್ಕೆ ಈ ಶಿಕ್ಷೆ ಇರಬೇಕು.

ಹೂವಿನ ವಿಷಯಕ್ಕೆ ಬರುತ್ತೇನೆ. ನೂರು ವರ್ಷಕ್ಕೊಮ್ಮೆ ಹೂ ಬಿಡುತ್ತದೆಂಬ ನಂಬಿಕೆಯಿಂದ ಇಂಗ್ಲಿಷಿನಲ್ಲಿ ಇದಕ್ಕೆ ಶತಮಾನದ ಗಿಡವೆಂದೇ ಹೆಸರು. ನಿಜಕ್ಕೂ ಹಿಡಿಯುವುದು ಹತ್ತರಿಂದ ಮೂವತ್ತು ವರ್ಷ. ಅಷ್ಟು ಕಾಲ ಎಲೆಯಲ್ಲಿ ಕೂಡಿಟ್ಟಿದ್ದನ್ನೆಲ್ಲ ಒಂದೇ ಸಲ ಖರ್ಚು ಮಾಡಿ, ನಡುವಿನಿಂದ ಒಂದು ಕಂಬ ಎಬ್ಬಿಸುತ್ತದೆ. ನಾನು ಹೈಸ್ಕೂಲಿನಲ್ಲಿದ್ದಾಗ ನಮ್ಮ ಬಾವಿಯ ಬದುವಿನಲ್ಲಿ ಒಂದು ಎದ್ದಿತು. ನಿನ್ನೆ ನನ್ನ ಎದೆಯ ಮಟ್ಟ, ಇವತ್ತು ಕುತ್ತಿಗೆ, ನಾಡಿದ್ದು ನೆತ್ತಿಯ ಮೇಲೆ. ಕೊನೆಗೆ ಇಪ್ಪತ್ತು ಅಡಿಯ ಮೇಲೆ ದೀಪದ ಕಂಬದಂತೆ ಕವಲೊಡೆದು ಹಳದಿ ಹೂಗೊಂಚಲುಗಳನ್ನು ತಟ್ಟೆತಟ್ಟೆಯಾಗಿ ಹಿಡಿದು ನಿಂತಿತು. ತವರಿನಲ್ಲಿ ಇದರ ಬಳಗದ ಹೂಗಳಿಗೆ ರಾತ್ರಿ ಉದ್ದಮೂತಿಯ ಬಾವಲಿಗಳು ಬರುತ್ತವೆ. ಇಲ್ಲಿ ಆ ಬಾವಲಿ ಇಲ್ಲ. ಜೇನು, ಸೂರಕ್ಕಿ, ಗೊರವಂಕಗಳು ನೆರೆದು ಜಾತ್ರೆ ಮಾಡಿದವು. ಮೇಲೆ ಜಾತ್ರೆ ನಡೆದಿದ್ದಾಗಲೇ ಕೆಳಗೆ ಎಲೆಗಳು ಒಂದೊಂದಾಗಿ ಸುಕ್ಕುಗಟ್ಟಿ ನೆಲಕ್ಕೆ ಒರಗುತ್ತಿದ್ದವು. ಹೂವು ಮುಗಿಯುವ ಹೊತ್ತಿಗೆ ತಾಯಿ ಸತ್ತಿತ್ತು. ಬುಡದಲ್ಲಿ ಏಳೆಂಟು ಮರಿಗಳು ಆಗಲೇ ಮುಳ್ಳು ಮಸೆಯುತ್ತಿದ್ದವು.

ಮೆಕ್ಸಿಕೋದ ಜನಕ್ಕೆ ಈ ಹೂ ನೋಡುವ ತಾಳ್ಮೆ ಇಲ್ಲ. ಕಂಬ ಏಳುವ ಮುಂಚೆಯೇ ಗಿಡದ ಎದೆ ಬಗೆದು, ಅಲ್ಲಿ ಒಸರುವ ಜೇನುನೀರನ್ನು ಹುಳಿಬರಿಸಿ ಪುಲ್ಕೆ ಎಂಬ ಬಿಳಿಯ ಹೆಂಡ ಮಾಡುತ್ತಾರೆ. ನಮ್ಮ ಈಚಲು ಹೆಂಡದ ದೂರದ ಸಹೋದರ. ನೀಲಿ ಅಗಾವೆಯ ಗಡ್ಡೆಯನ್ನು ಬೇಯಿಸಿ, ಹುಳಿಸಿ, ಬಟ್ಟಿ ಇಳಿಸಿದರೆ ಟಕೀಲಾ. ದಖ್ಖನಿನ ಬೇಲಿಯ ಕತ್ತಾಳೆಯಿಂದಲೂ ಈಗ ಅಂಥದೇ ಮದ್ಯ ಇಳಿಸುವವರಿದ್ದಾರೆ. ಟಕೀಲಾ ಎನ್ನುವ ಹಕ್ಕು ಮೆಕ್ಸಿಕೋಗೆ ಮೀಸಲಾದ್ದರಿಂದ ಹಾಗೆ ಕರೆಯುವಂತಿಲ್ಲ, ಅಷ್ಟೇ. ಅರಳಿಕಟ್ಟೆಯ ಹಿರಿಯರಿಗೆ ಇದನ್ನು ತಿಳಿಸಿದಾಗ ಬಹಳ ಹೊತ್ತು ಮೌನವಾಗಿದ್ದರು. ಬೇಲಿಯೊಳಗೇ ಇದ್ದದ್ದನ್ನು ಬೇಲಿಯೆಂದು ಬಿಟ್ಟೆವಲ್ಲ ಎಂಬ ದುಃಖ ಮುಖದಲ್ಲಿ ಸ್ಪಷ್ಟವಾಗಿತ್ತು.

ನಮ್ಮ ಬದುವಿನ ಕಂಬ ಒಣಗಿದ ಮೇಲೆ ಅಪ್ಪ ಅದನ್ನು ಕಡಿದು ಮೂರು ತುಂಡು ಮಾಡಿದ. ಒಳಗೆ ಬೆಂಡು, ಎತ್ತಿದರೆ ಹತ್ತಿಯ ಹಗುರ. ಒಂದು ತುಂಡು ಕೊಟ್ಟಿಗೆಯ ಸೂರಿಗೆ ಹೋಯಿತು, ಇನ್ನೊಂದು ಬಟ್ಟೆ ಒಣಹಾಕುವ ಗಳುವಾಯಿತು. ಮೂರನೆಯದನ್ನು ಕತ್ತಾಳೆ ಹಗ್ಗದಿಂದಲೇ ನನ್ನ ಬೆನ್ನಿಗೆ ಕಟ್ಟಿ ಬಾವಿಗೆ ತಳ್ಳಿದ. ನಾನು ಈಜು ಕಲಿತದ್ದು ಹಾಗೆ.

ಈಗ ಕುಂಡದ ಗಿಡಕ್ಕೆ ಆರು ವರ್ಷ ದಾಟಿದೆ. ಕುಂಡದಲ್ಲಿ ಬೆಳೆದದ್ದು ನಿಧಾನ, ಹೂ ಬಿಡದೆಯೂ ಇರಬಹುದು. ಬಿಟ್ಟರೆ ಲೆಕ್ಕ ಹೀಗಿದೆ: ನಮ್ಮದು ಎರಡನೆಯ ಮಹಡಿ, ಬಾಲ್ಕನಿಯ ಚಾವಣಿ ಒಂಬತ್ತು ಅಡಿ. ಕಂಬ ಚಾವಣಿಯನ್ನು ತಪ್ಪಿಸಿಕೊಂಡು ಹೊರಕ್ಕೆ ಬಾಗಿ ಮೇಲೇರಿದರೆ ಮೂರನೆಯ ಮಹಡಿಯ ಬಟ್ಟೆ ಒಣಹಾಕುವ ತಂತಿಯ ನಡುವೆ ತಲೆ ಎತ್ತುತ್ತದೆ. ಆ ಮನೆಯವರು ಸ್ವಂತಕ್ಕೆ ಕೊಂಡವರು, ಇನ್ನೂ ಇಪ್ಪತ್ತು ವರ್ಷ ಅಲ್ಲೇ ಇರುವವರು. ಲಿಫ್ಟಿನಲ್ಲಿ ಸಿಕ್ಕಾಗ ಗಿಡ ಚೆನ್ನಾಗಿದೆ ಎನ್ನುತ್ತಾರೆ. ಬುಡದಲ್ಲಿ ಬಂದಿರುವ ಎರಡು ಮರಿಗಳಲ್ಲಿ ಒಂದನ್ನು ಕೇಳಿದ್ದಾರೆ ಕೂಡ. ಕೊಡುತ್ತೇನೆ ಎಂದಿದ್ದೇನೆ. ಹೂವಿನ ವಿಷಯವನ್ನು ಇನ್ನೂ ಎತ್ತಿಲ್ಲ.