ಖಾಲಿ ಬಿಟ್ಟು ಬಂದ ಕುರ್ಚಿ

ಮೂಡಿಗೆರೆ ಕಡೆಯ ನಮ್ಮೂರಲ್ಲಿ ಒಂದು ಸಲ ಓಟು ಬಹಿಷ್ಕಾರದ ಬ್ಯಾನರ್ ಕಟ್ಟಿದ್ದರು. ಎರಡು ಅಡಿಕೆ ದಬ್ಬೆಗೆ ಹಳೇ ಪಂಚೆ ಕಟ್ಟಿ, ನೀಲಿ ಬಣ್ಣದಲ್ಲಿ 'ಸೇತುವೆ ಇಲ್ಲ, ಓಟೂ ಇಲ್ಲ' ಅಂತ ಬರೆದಿದ್ದರು. ಹಳ್ಳದ ಸಂಕ ಪ್ರತಿ ಮಳೆಗಾಲ ಕೊಚ್ಚಿಹೋಗುತ್ತಿತ್ತು. ಮೂರನೇ ದಿನಕ್ಕೆ ತಹಶೀಲ್ದಾರರ ಜೀಪು ಬಂತು. ಅಪ್ಪ ಕಾಫಿ ಕಣದಲ್ಲೇ ಕುರ್ಚಿ ಹಾಕಿಸಿ ಕೂರಿಸಿದರು. ಮಾತಾಯಿತು, ಅರ್ಜಿ ತಗೊಂಡರು, ಬ್ಯಾನರ್ ಇಳಿಯಿತು. ಓಟಿನ ದಿನ ಊರಿಗೆ ಊರೇ ಸಾಲಲ್ಲಿ ನಿಂತಿತ್ತು.

ಬಹಿಷ್ಕಾರ ಅಂದರೆ ನನಗೆ ಅಷ್ಟೇ ಗೊತ್ತಿತ್ತು. ಜಗಳ ಆಡಿ ಕರೆಸಿಕೊಳ್ಳುವುದು. ಸಿಂಗಪುರಕ್ಕೆ ಬಂದ ಮೇಲೆ ಇನ್ನೊಂದು ಥರದ ಬಹಿಷ್ಕಾರದ ಕಥೆ ತಿಳಿಯಿತು. ಅಲ್ಲಿ ಯಾರೂ ಕರೆಯಲು ಬರಲಿಲ್ಲ.

1963ರ ಚುನಾವಣೆಯಲ್ಲಿ ಇಲ್ಲಿನ 51 ಸ್ಥಾನಗಳಲ್ಲಿ ಪ್ರಧಾನಿ ಲೀ ಕ್ವಾನ್ ಯೂ ಅವರ ಪೀಪಲ್ಸ್ ಆಕ್ಷನ್ ಪಾರ್ಟಿಗೆ (ಪಿಎಪಿ) 37, ಅದರಿಂದಲೇ ಒಡೆದು ಬಂದ ಎಡಪಂಥೀಯ ಪಕ್ಷ ಬಾರಿಸಾನ್ ಸೋಷಿಯಲಿಸ್‌ಗೆ 13. ಮೂರರಲ್ಲಿ ಒಂದು ಓಟು ಬಾರಿಸಾನ್‌ನದು. ಸಣ್ಣ ಬಲವಲ್ಲ ಅದು. 1965ರ ಜುಲೈಯಲ್ಲಿ ಬಾರಿಸಾನ್‌ನವರು ಹಾಂಗ್ ಲಿಮ್ ಕ್ಷೇತ್ರದ ಉಪಚುನಾವಣೆಯಲ್ಲೂ ನಿಂತು ಸೋತರು. ಮುಂದಿನ ತಿಂಗಳೇ, ಆಗಸ್ಟ್ 9ಕ್ಕೆ, ಸಿಂಗಪುರ ಮಲೇಷ್ಯಾದಿಂದ ಬೇರೆಯಾಯಿತು. ಇದು ಸುಳ್ಳು ಸ್ವಾತಂತ್ರ್ಯ ಅಂತ ಬಾರಿಸಾನ್ ಡಿಸೆಂಬರಿನಲ್ಲಿ ಸೇರಿದ ಮೊದಲ ಪಾರ್ಲಿಮೆಂಟಿಗೇ ಹೋಗಲಿಲ್ಲ. ಆಮೇಲೆ ಒಬ್ಬೊಬ್ಬರಾಗಿ ರಾಜೀನಾಮೆ ಕೊಟ್ಟರು, 1966ರ ಅಕ್ಟೋಬರಿನಲ್ಲಿ ಉಳಿದವರೂ ಕೊಟ್ಟು ಹೋರಾಟ ಬೀದಿಯಲ್ಲಿ ಅಂದರು. ಖಾಲಿಯಾದ ಸ್ಥಾನಗಳಿಗೆ ಉಪಚುನಾವಣೆ ನಡೆಯಿತು. ಬಾರಿಸಾನ್ ನಿಲ್ಲಲಿಲ್ಲ. ಹೆಚ್ಚಿನ ಕಡೆ ಓಟೇ ಬೇಕಾಗಲಿಲ್ಲ.

1968ರಲ್ಲಿ 58 ಸ್ಥಾನಗಳಲ್ಲಿ 51ಕ್ಕೆ ಪಿಎಪಿಯವರದು ಅವಿರೋಧ ಆಯ್ಕೆ. ನಮ್ಮ ಪಂಚಾಯ್ತಿಯಲ್ಲಿ ಒಂದು ವಾರ್ಡು ಅವಿರೋಧ ಆದರೆ ಹಾರ ಹಾಕಿ ಮೆರವಣಿಗೆ ಮಾಡುತ್ತಾರೆ. ಇಡೀ ದೇಶವೇ ಹಾಗಾದರೆ?

ಬಾರಿಸಾನ್‌ನವರ ಸಿಟ್ಟಿಗೆ ಕಾರಣ ಇರಲಿಲ್ಲ ಅಂತ ನಾನು ಹೇಳುವುದಿಲ್ಲ. 1963ರ ಫೆಬ್ರವರಿಯಲ್ಲಿ ಒಂದೇ ರಾತ್ರಿ ನೂರಕ್ಕೂ ಹೆಚ್ಚು ಜನರನ್ನು ಹಿಡಿದು ಒಳಗೆ ಹಾಕಿದ್ದರು. ಅವರ ದೊಡ್ಡ ನಾಯಕ ಲಿಮ್ ಚಿನ್ ಸಿಯಾಂಗ್ ಅದರಲ್ಲಿದ್ದರು. ರಾಜೀನಾಮೆ ಕೊಟ್ಟವರಲ್ಲಿ ಒಬ್ಬರಾದ ಚಿಯಾ ತೈ ಪೋ ಅವರನ್ನು ವಿಚಾರಣೆಯೇ ಇಲ್ಲದೆ 23 ವರ್ಷ ಬಂಧನದಲ್ಲಿಟ್ಟರು. ಇದನ್ನು ಓದಿದ ರಾತ್ರಿ ನನಗೆ ನಿದ್ದೆ ಬರಲಿಲ್ಲ. ಆದರೂ, ಅದಕ್ಕೇ ಒಳಗಿರಬೇಕಿತ್ತು ಅನ್ನಿಸುತ್ತದೆ. ಹೊರಗೆ ಬಾಯಿ ಮುಚ್ಚಿಸುವ ಕಾಲದಲ್ಲಿ ಸದನದ ಒಳಗಿನ ಒಂದು ಮೈಕು ಎಷ್ಟು ದೊಡ್ಡದು, ಅಲ್ವಾ?

ನಮ್ಮ ಚಿಕ್ಕಮಗಳೂರನ್ನೇ ನೋಡಿ. 1977ರಲ್ಲಿ ರಾಯ್‌ಬರೇಲಿಯಲ್ಲಿ ಸೋತಿದ್ದ ಇಂದಿರಾ ಗಾಂಧಿ ಮರುವರ್ಷ ನಮ್ಮಲ್ಲಿಗೆ ಬಂದರು. ಡಿ.ಬಿ. ಚಂದ್ರೇಗೌಡರು ಸ್ಥಾನ ಬಿಟ್ಟುಕೊಟ್ಟರು, ವೀರೇಂದ್ರ ಪಾಟೀಲರು ಎದುರು ನಿಂತರು. ಇಂದಿರಾ 70 ಸಾವಿರಕ್ಕೂ ಜಾಸ್ತಿ ಓಟಿನಿಂದ ಗೆದ್ದರು. ಡಿಸೆಂಬರಿನಲ್ಲೇ ಲೋಕಸಭೆಯಿಂದ ಉಚ್ಚಾಟನೆಯಾಯಿತು, 1980ರಲ್ಲಿ ಮತ್ತೆ ಪ್ರಧಾನಿ. ತುರ್ತುಪರಿಸ್ಥಿತಿಯನ್ನು ನಮ್ಮಪ್ಪ ಕೊನೆವರೆಗೂ ಕ್ಷಮಿಸಲಿಲ್ಲ. ನಾನೂ ಆ ಕಡೆಯವನೇ. ಆದರೆ ಉಪಚುನಾವಣೆ ಸೋತವರು ಒಳಗೆ ಬರುವ ಬಾಗಿಲು ಅನ್ನುವುದನ್ನು ನಮ್ಮ ಜಿಲ್ಲೆ ಕಣ್ಣಾರೆ ಕಂಡಿದೆ. ಬಾರಿಸಾನ್ ಅದೇ ಬಾಗಿಲಿನಿಂದ ತಾನಾಗಿ ಹೊರಗೆ ನಡೆಯಿತು.

ಇದರ ಪೆಟ್ಟು ಬಿದ್ದಿದ್ದು ಪಕ್ಷಕ್ಕಿಂತ ಜಾಸ್ತಿ ಜನರಿಗೆ. ಸುಮಾರು 15 ವರ್ಷ ಪಾರ್ಲಿಮೆಂಟಿನಲ್ಲಿ ವಿರೋಧ ಪಕ್ಷದ ಒಬ್ಬರೂ ಇರಲಿಲ್ಲ. 1981ರಲ್ಲಿ ಆನ್ಸನ್ ಉಪಚುನಾವಣೆಯಲ್ಲಿ ಜೆ.ಬಿ. ಜೆಯರತ್ನಂ ಗೆದ್ದು ಬರುವವರೆಗೆ. ತಾಂಜೊಂಗ್ ಪಗಾರ್ ಕ್ಷೇತ್ರದಲ್ಲಂತೂ 1991ರಿಂದ 2015ರ ಚುನಾವಣೆ ಬರುವವರೆಗೆ ಒಂದು ಸಲವೂ ಸ್ಪರ್ಧೆಯೇ ಆಗಲಿಲ್ಲ. ಮೊದಲು ನಾವು ಅಲ್ಲಿದ್ದಾಗ ಪಕ್ಕದ ಮನೆಯಲ್ಲೊಬ್ಬ ಆಂಟಿ ಇದ್ದರು, ಮದುವೆಯಾಗಿ ಆ ಬ್ಲಾಕಿಗೆ ಬಂದವರು. ಪಾರ್ಲಿಮೆಂಟಿಗೆ ಮೊದಲ ಓಟು ಹಾಕುವಾಗ ಅವರ ಕೂದಲು ಬೆಳ್ಳಗಾಗಿತ್ತು. ಓಟಿನ ಚೀಟಿಯನ್ನು ಪ್ಲಾಸ್ಟಿಕ್ ಕವರಿನಲ್ಲಿಟ್ಟುಕೊಂಡು ನನಗೆ ತೋರಿಸಿದ್ದರು.

ಬಾರಿಸಾನ್ ಅಧ್ಯಕ್ಷ ಡಾ. ಲೀ ಸಿಯೂ ಚೋ 1963ರಲ್ಲಿ ಕೂದಲೆಳೆಯಲ್ಲಿ ಸೋತು ಹೊರಗುಳಿದಿದ್ದರು. ಹೊರಗೆ ನಿಂತೇ ತಮ್ಮವರನ್ನು ಹೊರಗೆ ಕರೆದರು. 1988ರಲ್ಲಿ ವರ್ಕರ್ಸ್ ಪಾರ್ಟಿ ಅನ್ನುವ ಇನ್ನೊಂದು ವಿರೋಧ ಪಕ್ಷದಿಂದ ನಿಂತು ಮತ್ತೆ ಸೋತರು. ಆದರೆ ಸೋತವರಲ್ಲಿ ಹೆಚ್ಚು ಓಟು ಪಡೆದ ವಿರೋಧ ಪಕ್ಷದವರಿಗೆ ಕೊಡುವ ವಿಶೇಷ ಸ್ಥಾನ ಸಿಕ್ಕಿತು. ಬಜೆಟ್ಟಿನ ಮೇಲೆ, ಸಂವಿಧಾನ ತಿದ್ದುಪಡಿಯ ಮೇಲೆ ಓಟು ಹಾಕುವ ಹಕ್ಕು ಆಗ ಆ ಸ್ಥಾನಕ್ಕೆ ಇರಲಿಲ್ಲ. ಎಪ್ಪತ್ತು ದಾಟಿದ್ದ ಆ ಹಿರಿಯರು ಬೇಡ ಅನ್ನಲಿಲ್ಲ. ಒಳಗೆ ಹೋಗಿ ಕೂತರು.