ಹಾರರ್ ಸಿನಿಮಾದಲ್ಲಿ ಕಪ್ಪೆ ಯಾವಾಗ ನಿಲ್ಲಬೇಕು?

ಮೊನ್ನೆ ರಾತ್ರಿ ಒಬ್ಬ ಹುಡುಗ ಫೋನ್ ಮಾಡಿದ್ದ. ಉಡುಪಿ ಕಡೆಯ ಬ್ರಹ್ಮಾವರದ ಹತ್ತಿರ ಒಂದು ಹಳೇ ಮನೆಯಲ್ಲಿ 12 ದಿನದಲ್ಲಿ ಹಾರರ್ ಸಿನಿಮಾದ ಶೂಟಿಂಗ್ ಮುಗಿಸಿದ್ದಾರೆ, ಹಿನ್ನೆಲೆ ಸಂಗೀತಕ್ಕೆ (ಬಿಜಿಎಂ) ಅಂತ ಉಳಿದಿರುವುದು 20 ಸಾವಿರ. "ಅಣ್ಣಾ, ಶುರುವಿನಿಂದ ಕೊನೇವರೆಗೂ ಬಿಜಿಎಂ ಇರ್ಲಿ, ಒಂದು ನಿಮಿಷಾನೂ ಖಾಲಿ ಬಿಡ್ಬೇಡಿ" ಎಂದ. ದುಡ್ಡು ಕಡಿಮೆ ಎಂದು ನನಗೆ ಬೇಸರವಿಲ್ಲ. ಆ ಕೊನೇ ಮಾತು ಮಾತ್ರ ಎರಡು ದಿನದಿಂದ ತಲೆಯಲ್ಲೇ ಇದೆ.

ಮಾರಾಯ್ರೆ, ಹೆದರಿಕೆ ಇರುವುದೇ ಆ ಖಾಲಿ ಜಾಗದಲ್ಲಿ ಅಲ್ವಾ? ಮಳೆಗಾಲದ ರಾತ್ರಿ ನಮ್ಮ ಕಡೆಯ ಯಾವುದಾದರೂ ತೋಟದ ಮನೆಯ ಜಗಲಿಯಲ್ಲಿ ಸುಮ್ನೆ ಕುಳಿತುಕೊಳ್ಳಿ. ಕಪ್ಪೆ, ಜೀರುಂಡೆ, ಹಂಚಿನ ಮಾಡಿನಿಂದ ಇಳಿಯುವ ನೀರು, ದೂರದ ಕಡಲು, ಎಲ್ಲ ಸೇರಿ ಕಿವಿ ತುಂಬಿರುತ್ತದೆ, ಆದರೂ ರೂಢಿಯಾಗಿ ಹೋದ ನಮಗೆ ಅದು ಕೇಳಿಸುವುದೇ ಇಲ್ಲ. ಅಂಗಳದ ಆಚೆ ಯಾರಾದರೂ ನಡೆದರೆ ಕಪ್ಪೆಗಳು ತಟ್ಟನೆ ನಿಲ್ಲುತ್ತವೆ. ಆಗ ಮೈ ಜುಂ ಎನ್ನುತ್ತದೆ. ಹೋದ ವರ್ಷ ಒಂದು ಸಿನಿಮಾಕ್ಕೆ ನಾನು ಇಷ್ಟೇ ಮಾಡಿದ್ದು. 4 ನಿಮಿಷದ ದೃಶ್ಯ, ಒಂದು ಸ್ವರವೂ ಇಲ್ಲ, ಬರೀ ಕಪ್ಪೆ. ದೃಶ್ಯದಲ್ಲಿರುವ ಹುಡುಗಿ ಬಾಗಿಲ ಚಿಲಕಕ್ಕೆ ಕೈ ಹಾಕುವ ಎರಡು ಸೆಕೆಂಡ್ ಮೊದಲು ಕಪ್ಪೆಯ ಸದ್ದು ನಿಲ್ಲಿಸಿದೆ. ಮಣಿಪಾಲದಲ್ಲಿ ಗೆಳೆಯರಿಗೆ ತೋರಿಸಿದಾಗ ಅಲ್ಲಿಯವರೆಗೆ ಪಿಸುಗುಟ್ಟುತ್ತಿದ್ದ ಹಿಂದಿನ ಸಾಲು ಕೂಡ ಅಲ್ಲಿಗೇ ಮೌನವಾಯಿತು.

1978ರ 'ಹ್ಯಾಲೋವೀನ್' ನೋಡಿ. ಅದೂ ಸಣ್ಣ ಬಜೆಟ್ಟಿನದ್ದೇ. ನಿರ್ದೇಶಕ ಜಾನ್ ಕಾರ್ಪೆಂಟರ್ ತಾನೇ ಕುಳಿತು ಮೂರು ದಿನದಲ್ಲಿ ಸಂಗೀತ ಮಾಡಿದ. ಪಿಯಾನೋದ ಒಂದು ಪುಟ್ಟ ತುಣುಕು, ಸುತ್ತಿಗೆ ಐದು ಎಣಿಕೆಯ ಲೆಕ್ಕ, ನಮ್ಮ ಕರ್ನಾಟಕ ಸಂಗೀತದ ಖಂಡಚಾಪು ತಾಳದ ಹಾಗೆ. ನಾಲ್ಕರ ನಡೆಗೆ ಒಗ್ಗಿದ ಕಿವಿಗೆ ಪ್ರತಿ ಸುತ್ತಿನಲ್ಲೂ ಮೆಟ್ಟಿಲು ತಪ್ಪಿದಂತಾಗುತ್ತದೆ.

ಸಾಮಾನಿಗೂ ಜಾಸ್ತಿ ಖರ್ಚಿಲ್ಲ. ಪಿಯೆಜೊ ಬಿಲ್ಲೆ ಎಂದು ಎಲೆಕ್ಟ್ರಾನಿಕ್ಸ್ ಅಂಗಡಿಯಲ್ಲಿ ಸಿಗುತ್ತದೆ, ಕೆಲವೇ ರೂಪಾಯಿ, ಅಂಟಿಸಿದ ವಸ್ತುವಿನ ನಡುಕವನ್ನೇ ಸದ್ದಾಗಿ ಹಿಡಿಯುತ್ತದೆ. ಅದಕ್ಕೆ ವಯರ್ ಬೆಸೆದು ರೆಕಾರ್ಡರಿಗೆ ಜೋಡಿಸಿ, ಬಾವಿಯ ರಾಟೆಯ ಕಬ್ಬಿಣಕ್ಕೆ ಅಂಟಿಸಿ ಹಗ್ಗ ಎಳೆದರೆ, ಕಿವಿಗೆ ಕೇಳದ ನರಳಿಕೆ ರೆಕಾರ್ಡ್ ಆಗುತ್ತದೆ. ಆ ರೆಕಾರ್ಡಿಂಗಿನ ವೇಗ ಅರ್ಧ ಮಾಡಿದರೆ ಸದ್ದು ಒಂದು ಸ್ಥಾಯಿ (ಆಕ್ಟೇವ್) ಕೆಳಗೆ, ಕಾಲು ಮಾಡಿದರೆ ಎರಡು ಸ್ಥಾಯಿ. ಅದು ರಾಟೆ ಎಂದು ಯಾರಿಗೂ ಗೊತ್ತಾಗುವುದಿಲ್ಲ, ಆದರೆ ಎಲ್ಲೋ ಕೇಳಿದ್ದೇನಲ್ಲ ಎಂದು ಅನ್ನಿಸುತ್ತದೆ. ಇಂಟರ್ನೆಟ್ಟಿನಿಂದ ಇಳಿಸಿಕೊಂಡ 'ಢಂ' ಸದ್ದಿನಲ್ಲಿ ಅದು ಬರುವುದಿಲ್ಲ. ಹಾಂ, ಮಿಕ್ಸ್ ಮುಗಿದ ಮೇಲೆ ಮೊಬೈಲಿನಲ್ಲಿ ಒಮ್ಮೆ ಕೇಳಿ. ನಿಮ್ಮ ರೂಮಿನ ಗೋಡೆ ನಡುಗಿಸಿದ, ತೀರಾ ಕೆಳಗಿನ 40 ಹರ್ಟ್ಜ್ ಗುಂಯ್ ಅಷ್ಟು ಸಣ್ಣ ಸ್ಪೀಕರಿನಲ್ಲಿ ಕೇಳುವುದೇ ಇಲ್ಲ, ನಮ್ಮ ಸಿನಿಮಾಗಳನ್ನು ಜನ ನೋಡುವುದು ಜಾಸ್ತಿ ಅದರಲ್ಲೇ. ಅದೇ ಸ್ವರವನ್ನು ಎರಡು-ಮೂರು ಸ್ಥಾಯಿ ಮೇಲಿನಿಂದಲೂ ಸ್ವಲ್ಪ ಸೇರಿಸಬೇಕು.

ಇನ್ನೊಂದು ವಿಷಯ, ಇದು ನನಗೆ ಎಲ್ಲಕ್ಕಿಂತ ದೊಡ್ಡದು. "ಕೋಲದ ಸೌಂಡ್ ಹಾಕಿ ಅಣ್ಣಾ, ಜನ ಹೆದರ್ತಾರೆ" ಎನ್ನುವವರು ಈಗ ತುಂಬಾ ಜನ. ಕೋಲ ಎಂದರೆ ನಮ್ಮ ತುಳುನಾಡಿನ ದೈವಾರಾಧನೆ, ಅದರ ಸದ್ದನ್ನು ನಾನು ಹಾಕುವುದಿಲ್ಲ. ತಾಸೆಯ ಬಡಿತ, ನಾಗಸ್ವರ, ತೆಂಬರೆ ಎಂಬ ಪುಟ್ಟ ಚರ್ಮವಾದ್ಯ ಹಿಡಿದು ದೈವದ ಕಥೆ ಹೇಳುವ ಪಾಡ್ದನದ ಹಾಡು, ಇವೆಲ್ಲ ಕೇಳಿದರೆ ನನ್ನ ಅಜ್ಜಿ ಮಲಗಿದಲ್ಲಿಂದ ಎದ್ದು ಕೈ ಮುಗಿಯುತ್ತಿದ್ದರು. ದೈವ ನಮ್ಮನ್ನು ಕಾಯುವುದು, ಅಟ್ಟದ ದೆವ್ವದ ಲೆಕ್ಕಕ್ಕೆ ಅದನ್ನು ಸೇರಿಸಬೇಡಿ. ಕಥೆಯೇ ದೈವದ್ದಾದರೆ ಮಾತು ಬೇರೆ. ಆಗ ಆ ಕಲೆ ಗೊತ್ತಿರುವವರ ಮನೆಗೇ ಹೋಗಿ, ಯಾವುದನ್ನು ನುಡಿಸಬಹುದು ಯಾವುದನ್ನು ನುಡಿಸಬಾರದು ಎಂದು ಕೇಳಿ, ಸಂಭಾವನೆ ಕೊಟ್ಟು ಮಾಡಿಸಿ.

ಹುಡುಗನಿಗೆ ಒಪ್ಪಿಗೆ ಕೊಡುವ ಮೊದಲು ಆ ಮನೆಯಲ್ಲಿ ಒಂದು ರಾತ್ರಿ ರೆಕಾರ್ಡರ್ ಇಟ್ಟುಕೊಂಡು ಕೂರಬೇಕು ಎಂದೆ. ಬೀಗದ ಕೈ ಶನಿವಾರದವರೆಗೆ ಅವನ ಹತ್ತಿರವೇ ಇದೆಯಂತೆ, ಶುಕ್ರವಾರ ಹೋಗುತ್ತಿದ್ದೇನೆ. ಅಲ್ಲಿಯ ಬಾವಿಗೆ ಪಂಪ್ ಹಾಕಿ ರಾಟೆ ತೆಗೆದಿದ್ದಾರಂತೆ. ಬ್ರಹ್ಮಾವರ, ಬಾರ್ಕೂರು ಕಡೆ ಯಾರ ಮನೆಯಲ್ಲಾದರೂ ಹಳೇ ರಾಟೆ ಇನ್ನೂ ತಿರುಗುತ್ತಿದ್ದರೆ ದಯವಿಟ್ಟು ತಿಳಿಸಿ. ಎಣ್ಣೆ ಮಾತ್ರ ಹಾಕಬೇಡಿ.